ಪಕ್ಕಕ್ಕೆ ಕರೆಸಿಕೊಂಡವನು

ಕ್ರಿಸ್ತಪೂರ್ವ 343ರ ಅಥೆನ್ಸ್. ಆ ಕಾಲದ ಮಾತಿನ ಮಲ್ಲ ಡೆಮಾಸ್ತನೀಸ್ ನ್ಯಾಯಸಭೆಯ ಮುಂದೆ ನಿಂತಿದ್ದಾನೆ. ಮ್ಯಾಸಿಡೋನಿಯದ ದೊರೆ ಫಿಲಿಪ್ಪನ ಬಳಿಗೆ ರಾಯಭಾರಿಯಾಗಿ ಹೋಗಿದ್ದ ಐಸ್ಕಿನೀಸ್ ದುಡ್ಡು ತಿಂದು ಊರಿಗೆ ಎರಡು ಬಗೆದ ಎಂಬುದು ಅವನ ಆರೋಪ. ಆದರೆ ಆ ಆರೋಪಕ್ಕೆ ಕೈಹಾಕುವ ಮೊದಲೇ ಒಂದು ತಕರಾರು ತೆಗೆಯುತ್ತಾನೆ. ಚೀಟಿ ಎತ್ತಿ ಆರಿಸಿದ ತೀರ್ಪುಗಾರರನ್ನು ಎದುರುಪಕ್ಷದವರು ಆಗಲೇ ಮುತ್ತಿಕೊಂಡು ಗೋಗರೆಯುತ್ತಿದ್ದಾರಂತೆ. ಇವರದೆಲ್ಲ ಸ್ವಂತ ಲಾಭದ ಓಡಾಟ, ನೀವು ನಿಮ್ಮ ಪ್ರಮಾಣವಚನ ನೆನಪಿಟ್ಟುಕೊಳ್ಳಿ ಎನ್ನುವುದು ಅವನ ಎಚ್ಚರಿಕೆ. ಹೀಗೆ ಮುತ್ತಿಕೊಂಡವರನ್ನು ಅವನು ಕರೆಯುವ ಹೆಸರು 'ಪರಾಕ್ಲೆಟೊಸ್'.

ಕ್ರೈಸ್ತರು ದೇವರ ಪವಿತ್ರಾತ್ಮಕ್ಕೆ ಇಟ್ಟುಕೊಂಡಿರುವ ಆಪ್ತ ಹೆಸರುಗಳಲ್ಲಿ ಇದೂ ಒಂದು. ಕಣ್ಣೊರೆಸುವ ದೈವವನ್ನು ಕರೆಯುವ ಪದ ನಮಗೆ ಸಿಗುವ ಹಳೆಯ ಬಳಕೆಗಳಲ್ಲೊಂದರಲ್ಲಿ ಬೈಗುಳದ ಮಗ್ಗುಲಲ್ಲೇ ಕುಳಿತಿದೆ. ಅದು ಅಲ್ಲಿಂದ ಇಲ್ಲಿಗೆ ಬಂದ ದಾರಿ ತಿಳಿದರೆ 'ಸಾಂತ್ವನ' ಎಂದು ನಾವು ಸುಲಭವಾಗಿ ಆಡಿಬಿಡುವ ಮಾತಿನ ಒಳಗೆ ಏನಿದೆ ಎನ್ನುವುದೂ ತಿಳಿಯುತ್ತದೆ.

ಅಥೆನ್ಸ್‌ನಲ್ಲಿ ನಾವು ಬಲ್ಲಂಥ ವಕೀಲರಿರಲಿಲ್ಲ. ಆರೋಪ ಹೊತ್ತವನು ತನ್ನ ಪರವಾಗಿ ತಾನೇ ಮಾತಾಡಬೇಕು. ನೀರಿನ ಗಡಿಯಾರ ತೊಟ್ಟಿಕ್ಕಿ ಮುಗಿಯುವುದರೊಳಗೆ ಜೀವ, ಮಾನ, ಆಸ್ತಿ ಎಲ್ಲದರ ತೀರ್ಮಾನ. ನೂರಾರು ಜನ ತೀರ್ಪುಗಾರರ ಎದುರು ಒಂಟಿಯಾಗಿ ನಿಲ್ಲುವುದಕ್ಕೆ ಎಂಥವನಿಗೂ ಕಾಲು ನಡುಗುತ್ತದೆ. ಆದ್ದರಿಂದ ಆತ ನೆಂಟರನ್ನು, ಗೆಳೆಯರನ್ನು, ಊರಲ್ಲಿ ಹೆಸರಿದ್ದವರನ್ನು ಜೊತೆಗೆ ಕರೆತರುತ್ತಿದ್ದ. ಕೆಲವರು ಅವನ ಪರವಾಗಿ ನಾಲ್ಕು ಮಾತಾಡುತ್ತಿದ್ದರು. ಕೆಲವರು ಸುಮ್ಮನೆ ನಿಂತಿರುತ್ತಿದ್ದರು, ಅವರು ನಿಂತಿರುವುದೇ ಸಾಕ್ಷಿ. ಅಳುವ ಮಕ್ಕಳನ್ನು ಮುಂದೆ ನಿಲ್ಲಿಸಿ ಕನಿಕರ ಬೇಡುವುದೂ ಇತ್ತು. ಕ್ರಿಸ್ತಪೂರ್ವ 399ರಲ್ಲಿ ಸಾಕ್ರಟೀಸ್ ತಾನು ಹಾಗೆ ಮಾಡಲಾರೆ ಎಂದು ಖಂಡಿತವಾಗಿ ಹೇಳಿದ್ದು ಪ್ಲೇಟೋನ ಬರಹದಿಂದ ಪ್ರಸಿದ್ಧವಾಗಿದೆ. ಐಸ್ಕಿನೀಸ್ ಅಂಥ ಹಟ ಹಿಡಿಯಲಿಲ್ಲ. ಮುದಿ ತಂದೆಯನ್ನು, ಸೋದರರನ್ನು, ಯೂಬ್ಯುಲಸ್ ಮತ್ತು ಫೋಸಿಯನ್‌ರಂಥ ಗಣ್ಯರನ್ನು ಪಕ್ಕಕ್ಕೆ ಕರೆಸಿಕೊಂಡ. ಬರೀ 30 ಮತಗಳ ಅಂತರದಲ್ಲಿ ಪಾರಾದ ಎಂದು ಹಳಬರು ಬರೆದಿಟ್ಟಿದ್ದಾರೆ.

ಪದವನ್ನು ಬಿಡಿಸಿದರೆ ಈ ಚಿತ್ರವೇ ಕಾಣುತ್ತದೆ. ಗ್ರೀಕಿನಲ್ಲಿ 'ಪರಾ' ಎಂದರೆ ಪಕ್ಕ, ಮಗ್ಗುಲು. 'ಕಲೇಯಿನ್' ಎಂದರೆ ಕರೆಯುವುದು. ಎರಡೂ ಕೂಡಿದ ಪರಾಕ್ಲೆಟೊಸ್ ಎಂಬುದು 'ಪಕ್ಕಕ್ಕೆ ಕರೆಸಿಕೊಂಡವನು'. ಕೊನೆಯ ಆ 'ಟೊಸ್' ಪ್ರತ್ಯಯ ಕರ್ಮಣಿ ಅರ್ಥ ಕೊಡುತ್ತದೆ. ಅಂದರೆ ಇವನು ಕರೆಯುವವನಲ್ಲ, ಯಾರೋ ಕರೆದದ್ದಕ್ಕೆ ಬಂದವನು. ವ್ಯಾಕರಣದ ಈ ಸಣ್ಣ ಅಂಶದ ಮೇಲೆ ಪಂಡಿತರು ಪುಟಗಟ್ಟಲೆ ಬರೆದಿರುವುದಕ್ಕೆ ಕಾರಣವಿದೆ. ಸಂತೈಸುವುದು, ವಾದಿಸುವುದು, ಬುದ್ಧಿ ಹೇಳುವುದು ಇವೆಲ್ಲ ಬಂದವನು ಆಮೇಲೆ ಮಾಡುವ ಕೆಲಸಗಳು. ಹೆಸರಿನಲ್ಲಿರುವುದು ಇಷ್ಟೇ: ಕರೆ, ಮತ್ತು ಪಕ್ಕ.

ಕನ್ನಡದ ಕಿವಿಗೆ ಇದು ಅರಮನೆಯ 'ಪರಾಕು' ಎಂದು ಕೇಳಿಸಬಹುದು. ಅವೆರಡಕ್ಕೂ ನಂಟಿಲ್ಲ. ನಿಜವಾದ ನಂಟೊಂದು ನಮ್ಮ ಕರಾವಳಿಯಲ್ಲೇ ಇದೆ. ಅದೇ 'ಕಲೇಯಿನ್' ಧಾತುವಿಗೆ 'ಹೊರಗೆ' ಎಂಬರ್ಥದ ಉಪಸರ್ಗ ಸೇರಿ 'ಎಕ್ಲೇಸಿಯ' ಆಯಿತು. ಮನೆಗಳಿಂದ ಹೊರಗೆ ಕರೆದು ಕೂಡಿಸಿದ ಸಭೆ ಎಂಬ ಅರ್ಥ. ಅದು ಲ್ಯಾಟಿನ್ನಿಗೆ ಹೋಗಿ, ಪೋರ್ಚುಗೀಸರ ಬಾಯಲ್ಲಿ 'ಇಗ್ರೇಜ' ಆಗಿ, ಗೋವೆ ದಾಟಿ ಮಂಗಳೂರಿಗೆ ಬರುವ ಹೊತ್ತಿಗೆ 'ಇಗರ್ಜಿ' ಆಯಿತು. ಭಾನುವಾರ ಬೆಳಿಗ್ಗೆ ಇಗರ್ಜಿಗೆ ಹೊರಟ ಮಂಗಳೂರಿನ ಅಜ್ಜಿಯ ನಾಲಿಗೆಯ ಮೇಲಿರುವುದು ಪರಾಕ್ಲೆಟೊಸ್‌ನ ಒಡಹುಟ್ಟಿದ ಪದ.

ಡೆಮಾಸ್ತನೀಸನ ತಕರಾರಿನಿಂದ ನಾಲ್ಕು ಶತಮಾನ ದಾಟಿ ಬಂದರೆ ಮೊದಲ ಶತಮಾನದ ಕೊನೆಗೆ ಬರೆಯಲ್ಪಟ್ಟಿತೆಂದು ಬಹುಪಾಲು ವಿದ್ವಾಂಸರು ಒಪ್ಪುವ ಯೋಹಾನನ ಸುವಾರ್ತೆ ಸಿಗುತ್ತದೆ. ಹೊಸ ಒಡಂಬಡಿಕೆಯ ಅಷ್ಟೂ ಪುಸ್ತಕಗಳಲ್ಲಿ ಪರಾಕ್ಲೆಟೊಸ್ ಬರುವುದು ಐದೇ ಸಲ. ನಾಲ್ಕು ಸಲ ಈ ಸುವಾರ್ತೆಯ 14, 15, 16ನೇ ಅಧ್ಯಾಯಗಳಲ್ಲಿ, ಇನ್ನೊಮ್ಮೆ ಯೋಹಾನನ ಮೊದಲ ಪತ್ರದ 2ನೇ ಅಧ್ಯಾಯದ ಆರಂಭದಲ್ಲಿ. ಮತ್ತಾಯ, ಮಾರ್ಕ, ಲೂಕ, ಪೌಲ ಯಾರೂ ಇದನ್ನು ಬಳಸಿಲ್ಲ.

ನಾಲ್ಕೂ ಸಲ ಸಂದರ್ಭ ಒಂದೇ. ಯೇಸು ಶಿಷ್ಯರ ಜೊತೆ ಕೊನೆಯ ಊಟ ಮುಗಿಸಿದ್ದಾನೆ. ಅವನಿಗೆ ದ್ರೋಹ ಬಗೆಯಲಿರುವ ಯೂದ ಎದ್ದು ಕತ್ತಲೆಗೆ ಹೋಗಿಯಾಗಿದೆ. ತಾನು ಹೊರಡುತ್ತೇನೆ ಎಂದು ಯೇಸು ಹೇಳುತ್ತಿದ್ದಾನೆ, ಎಲ್ಲಿಗೆ ಎಂದು ಇವರಿಗೆ ಅರ್ಥವಾಗುತ್ತಿಲ್ಲ. ಎಲ್ಲವನ್ನೂ ಬಿಟ್ಟು ಅವನ ಬೆನ್ನು ಹಿಡಿದು ಬಂದವರು ಇವರು. ಆಗ ಅವನು ಆಡುವ ಮಾತಿನಲ್ಲಿ ಅನಾಥರು ಎಂಬ ಪದ ಬರುತ್ತದೆ. ನಿಮ್ಮನ್ನು ಹಾಗೆ ಬಿಟ್ಟುಹೋಗುವುದಿಲ್ಲ ಎಂಬ ಭರವಸೆ. ಅದಕ್ಕೂ ಸ್ವಲ್ಪ ಮೊದಲು, ತಂದೆಯನ್ನು ಕೇಳಿಕೊಂಡು 'ಇನ್ನೊಬ್ಬ ಪರಾಕ್ಲೆಟೊಸ್‌'ನನ್ನು ಕೊಡಿಸುತ್ತೇನೆ ಎಂದಿರುತ್ತಾನೆ.

ಆ 'ಇನ್ನೊಬ್ಬ' ಎನ್ನುವುದನ್ನು ಗಮನಿಸದೆ ಓದಿಬಿಡುವುದು ಸುಲಭ. ಇನ್ನೊಬ್ಬ ಎಂದರೆ ಮೊದಲೊಬ್ಬ ಇದ್ದ ಎಂದಾಯಿತು. ಈವರೆಗೆ ಅವರ ಪಕ್ಕದಲ್ಲಿ ನಡೆದವನು, ಉಂಡವನು, ದೋಣಿಯಲ್ಲಿ ಕೂತವನು ಯೇಸುವೇ. ಯೋಹಾನನ ಪತ್ರ ಯೇಸುವನ್ನೇ ನೇರವಾಗಿ ಪರಾಕ್ಲೆಟೊಸ್ ಎಂದು ಕರೆದು ಇದನ್ನು ಖಚಿತಪಡಿಸುತ್ತದೆ. ಅಮೆರಿಕದ ಬೈಬಲ್ ವಿದ್ವಾಂಸ ರೇಮಂಡ್ ಬ್ರೌನ್ ಈ ಸುವಾರ್ತೆಯ ಮೇಲೆ ಬರೆದ ದೊಡ್ಡ ವ್ಯಾಖ್ಯಾನದ ಎರಡು ಸಂಪುಟಗಳು 1966 ಮತ್ತು 1970ರಲ್ಲಿ ಬಂದವು. ಯೇಸು ಇಲ್ಲದಿರುವಾಗ ಯೇಸುವಿನ ಇರುವಿಕೆಯೇ ಪರಾಕ್ಲೆಟೊಸ್ ಎಂಬ ಅವರ ವಿವರಣೆ ನನಗೆ ತುಂಬ ಹಿಡಿಸಿದೆ. ಏಕೆಂದರೆ ಸುವಾರ್ತೆಯನ್ನು ಮೊದಲು ಕೇಳಿಸಿಕೊಂಡವರ ಪಾಡೂ ಅದೇ ಆಗಿತ್ತು. ಯೇಸುವನ್ನು ಕಣ್ಣಾರೆ ಕಂಡವರು ಒಬ್ಬೊಬ್ಬರಾಗಿ ತೀರಿಕೊಳ್ಳುತ್ತಿದ್ದರು. ಯೇಸುವಿನ ಅಚ್ಚುಮೆಚ್ಚಿನ ಶಿಷ್ಯ ಸಾಯುವುದೇ ಇಲ್ಲ ಎಂದು ಜನ ನಂಬಿಕೊಂಡಿದ್ದರೆಂದೂ ಆ ನಂಬಿಕೆಯನ್ನು ತಿದ್ದಬೇಕಾಯಿತೆಂದೂ ಅದೇ ಪುಸ್ತಕದ 21ನೇ ಅಧ್ಯಾಯದಿಂದ ತಿಳಿಯುತ್ತದೆ. ಯೆಹೂದಿ ಸಭಾಮಂದಿರಗಳಿಂದ ಹೊರಹಾಕಿಸಿಕೊಳ್ಳುವ ಭಯ ಬೇರೆ. ನಾಳೆ ಯಾರೋ ನಮ್ಮನ್ನು ಕಟಕಟೆಯಲ್ಲಿ ನಿಲ್ಲಿಸಿದರೆ ಪಕ್ಕದಲ್ಲಿ ಯಾರಿರುತ್ತಾರೆ? ಹೀಗೆ ಕೇಳುತ್ತಿದ್ದವರಿಗೆ ನ್ಯಾಯಸಭೆಯಿಂದ ಎದ್ದುಬಂದ ಪದಕ್ಕಿಂತ ಹತ್ತಿರದ್ದು ಇನ್ನಾವುದು?

ಪರಾಕ್ಲೆಟೊಸ್ ಮಾಡುವ ಕೆಲಸಗಳನ್ನು ಅಲ್ಲಿಯೇ ಹೇಳಿದೆ. ಕಲಿಸುವುದು, ಯೇಸು ಹೇಳಿದ್ದನ್ನು ನೆನಪಿಗೆ ತರುವುದು, ಸಾಕ್ಷಿ ನುಡಿಯುವುದು. ಇಷ್ಟರವರೆಗೆ ಸರಿ. 16ನೇ ಅಧ್ಯಾಯಕ್ಕೆ ಬಂದಾಗ ಪಾತ್ರವೇ ತಿರುಗಿಬೀಳುತ್ತದೆ. ಪಕ್ಕದಲ್ಲಿ ನಿಂತು ಕಾಯುತ್ತಿದ್ದವನು ಎದ್ದುನಿಂತು ಲೋಕವನ್ನೇ ವಿಚಾರಣೆಗೆ ಎಳೆಯುತ್ತಾನೆ. ಪಾಪ, ನೀತಿ, ತೀರ್ಪು ಈ ಮೂರರ ವಿಷಯದಲ್ಲಿ ಲೋಕದ ತಪ್ಪನ್ನು ಸಾಬೀತು ಮಾಡುತ್ತಾನೆ. ರಕ್ಷಣೆಯ ವಕೀಲ ಪ್ರಾಸಿಕ್ಯೂಟರ್ ಆಗುತ್ತಾನೆ. ಮುದ್ದಿಸಿ ಮಲಗಿಸುವ ಸಾಂತ್ವನಕಾರನನ್ನು ಕಲ್ಪಿಸಿಕೊಂಡು ಓದುತ್ತ ಬಂದವರು ಇಲ್ಲಿ ಬೆಚ್ಚಬೇಕು.

ಹಾಗಾದರೆ ಸಾಂತ್ವನ ಎಲ್ಲಿಂದ ಬಂತು? ಅದಕ್ಕೆ ಗ್ರೀಸ್ ಬಿಟ್ಟು ಹೀಬ್ರೂ ಕಡೆಗೆ ತಿರುಗಬೇಕು.

ಯೆಶಾಯನ ಪುಸ್ತಕದ 40ನೇ ಅಧ್ಯಾಯ ಶುರುವಾಗುವುದು ಜನರನ್ನು ಸಂತೈಸಿರೆಂಬ ಕರೆಯಿಂದ, ಅದೂ ಎರಡೆರಡು ಸಲ. ಬಾಬಿಲೋನಿನ ಸೆರೆಯಲ್ಲಿ ಬೆಂದವರಿಗೆ ಮನೆಗೆ ಮರಳುವ ಕಾಲ ಬಂತೆಂಬ ಸುದ್ದಿ ಅದು. ಅಲ್ಲಿನ ಹೀಬ್ರೂ ಕ್ರಿಯಾಪದ 'ನಹಮ್'. ಕ್ರಿಸ್ತನಿಗಿಂತ ಮುಂಚೆ ಯೆಹೂದಿಗಳು ತಮ್ಮ ಧರ್ಮಗ್ರಂಥಗಳನ್ನು ಗ್ರೀಕಿಗೆ ತಂದಾಗ ಅದಕ್ಕೆ ಆರಿಸಿಕೊಂಡದ್ದು 'ಪರಾಕಲೇಯಿನ್' ಎಂಬ ಕ್ರಿಯಾಪದವನ್ನು. ಪಕ್ಕಕ್ಕೆ ಕರೆಯುವುದು, ಬೇಡಿಕೊಳ್ಳುವುದು, ಹುರಿದುಂಬಿಸುವುದು, ಸಂತೈಸುವುದು ಎಲ್ಲವೂ ಅದರ ಅರ್ಥಗಳೇ. ಹೀಗೆ ಕಟಕಟೆಯ ಪಕ್ಕದ ಪದಕ್ಕೆ ಸೂತಕದ ಮನೆಯ ಆರ್ದ್ರತೆ ಅಂಟಿಕೊಂಡಿತು. ಆ 'ನಹಮ್' ಧಾತುವಿನಿಂದಲೇ 'ಮೆನಹೆಮ್', ಸಂತೈಸುವವನು, ಎಂಬ ಹೆಸರು ಬಂದಿದೆ. ಬರಲಿರುವ ಮೆಸ್ಸೀಯನಿಗೆ ಆ ಹೆಸರಿರುತ್ತದೆ ಎಂಬ ಮಾತು ಯೆಹೂದಿ ಧರ್ಮಗುರುಗಳ ಚರ್ಚಾಸಂಗ್ರಹವಾದ ತಾಲ್ಮುದ್‌ನಲ್ಲಿದೆ.

ಗ್ರೀಕ್ ಪದವನ್ನು ಯೆಹೂದಿಗಳು ಅನುವಾದಿಸುವ ಗೋಜಿಗೆ ಹೋಗದೆ ಹಾಗೇ ಎತ್ತಿಕೊಂಡದ್ದೂ ಉಂಟು. 'ಪೆರಕ್ಲೀಟ್' ಎಂಬುದು ಅವರ ನೀತಿಸಂಗ್ರಹವಾದ 'ಪಿರ್ಕೆ ಅವೋತ್'ನ 4ನೇ ಅಧ್ಯಾಯದಲ್ಲಿದೆ. ಒಂದು ಒಳ್ಳೆಯ ಕೆಲಸ ಮಾಡಿದವನು ತನಗೊಬ್ಬ ಪೆರಕ್ಲೀಟನನ್ನು ಗಳಿಸಿಕೊಳ್ಳುತ್ತಾನೆ, ಒಂದು ತಪ್ಪು ಮಾಡಿದವನು ಒಬ್ಬ 'ಕಟೇಗೋರ್'ನನ್ನು ಗಳಿಸಿಕೊಳ್ಳುತ್ತಾನೆ ಎಂಬ ಅರ್ಥದ ಮಾತನ್ನು ಅಲ್ಲಿ ರಬ್ಬಿ ಎಲಿಯೇಜರ್ ಬೆನ್ ಯಾಕೋಬ್ ಹೇಳುತ್ತಾರೆ. ಕಟೇಗೋರ್ ಎಂದರೆ ದೂರು ಹೊರಿಸುವವನು, ಅದೂ ಗ್ರೀಕಿನ ಸಾಲವೇ. ನಾವು ಸೈತಾನ ಎನ್ನುವ ಹೀಬ್ರೂ ಪದಕ್ಕೂ ಮೂಲದಲ್ಲಿ ಎದುರಾಳಿ, ಆರೋಪ ಹೊರಿಸುವವನು ಎಂಬ ಅರ್ಥವಿದೆ. ಯೋಬನ ಪುಸ್ತಕದಲ್ಲಿ ಅವನು ದೇವರ ಆಸ್ಥಾನದಲ್ಲಿ ಮಾಡುವ ಕೆಲಸವೇ ಅದು. ಒಬ್ಬ ಬೆರಳು ತೋರಿಸುವವನು, ಇನ್ನೊಬ್ಬ ಭುಜ ಕೊಡುವವನು. ಯೋಹಾನನ ಕಾಲದ ಯೆಹೂದಿ ಕಿವಿಗೆ ಪರಾಕ್ಲೆಟೊಸ್ ಎಂದೊಡನೆ ಎದುರಿನ ಆ ಬೆರಳೂ ಕಂಡಿರಬೇಕು. ಇಂದಿನ ಇಸ್ರೇಲ್‌ನಲ್ಲಿ 'ಪ್ರಕ್ಲೀಟ್' ಎಂದರೆ ವಕೀಲ. ಸರ್ಕಾರದ ಪರವಾಗಿ ಆರೋಪಿಗಳ ಮೇಲೆ ಮೊಕದ್ದಮೆ ಹೂಡುವ ಮುಖ್ಯ ಅಧಿಕಾರಿಯ ಹುದ್ದೆಯಲ್ಲೂ ಅದೇ ಪದವಿದೆ. 16ನೇ ಅಧ್ಯಾಯದ ತಿರುವು ಭಾಷೆಯಲ್ಲೇ ನಡೆದುಹೋದಂತೆ ತೋರುತ್ತದೆ.

ಇಷ್ಟೆಲ್ಲ ಹೊತ್ತ ಪದ ಅನುವಾದಕರ ಕೈಗೆ ಸಿಕ್ಕಾಗ ಏನಾಯಿತು ಎಂಬುದೇ ಒಂದು ದೊಡ್ಡ ಕಥೆ.

ಲ್ಯಾಟಿನ್ನಿನಲ್ಲಿ ಅಚ್ಚು ಹೊಯ್ದಂಥ ಜೋಡಿಪದ ಇತ್ತು: 'ಅಡ್ವೊಕಾತುಸ್'. ಅದಕ್ಕೂ 'ಬಳಿಗೆ ಕರೆಸಿಕೊಂಡವನು' ಎಂದೇ ಅರ್ಥ. ರೋಮಿನಲ್ಲಿ ಹಿಂದೆ ಅಡ್ವೊಕಾತುಸ್ ಎಂದರೆ ವಾದ ಮಾಡುವವನೇ ಆಗಬೇಕಿರಲಿಲ್ಲ, ನ್ಯಾಯಾಲಯಕ್ಕೆ ಜೊತೆಗೆ ಬಂದು ಬಲ ತುಂಬುವ ಗೆಳೆಯನೂ ಅಡ್ವೊಕಾತುಸನೇ. ಬೆಂಗಳೂರಿನಿಂದ ಬೀದರಿನವರೆಗೆ ಕೋರ್ಟಿನ ಬೀದಿಗಳಲ್ಲಿ ತೂಗುವ 'ಅಡ್ವೊಕೇಟ್' ಫಲಕಗಳ ಹಿಂದೆ ಇರುವುದು ಈ ಪದ. ಹಳೆಯ ಲ್ಯಾಟಿನ್ ಅನುವಾದಗಳು ಇದನ್ನು ಬಳಸಿದವು. ನಾಲ್ಕನೆಯ ಶತಮಾನದ ಕೊನೆಯಲ್ಲಿ ಜೆರೋಮ್ ಸುವಾರ್ತೆಗಳನ್ನು ಪರಿಷ್ಕರಿಸಿದಾಗ ಪದವನ್ನು ಅನುವಾದಿಸದೆ 'ಪರಾಕ್ಲೇತುಸ್' ಎಂದೇ ಉಳಿಸಿದ. ವುಲ್ಗಾತ ಎಂದು ಹೆಸರಾದ ಲ್ಯಾಟಿನ್ ಬೈಬಲ್‌ನಲ್ಲಿ ಯೋಹಾನನ ಪತ್ರದಲ್ಲಿ ಮಾತ್ರ 'ಅಡ್ವೊಕಾತುಸ್' ಉಳಿಯಿತು. ಒಂದೇ ಪದ ಎರಡಾಗಿ ಒಡೆದದ್ದು ಹೀಗೆ. ಸುವಾರ್ತೆಯಲ್ಲಿ ಆತ್ಮವನ್ನೂ ಪತ್ರದಲ್ಲಿ ಯೇಸುವನ್ನೂ ಒಂದೇ ಹೆಸರಿನಿಂದ ಕರೆದದ್ದು ಪಶ್ಚಿಮದ ಓದುಗರಿಗೆ ಶತಮಾನಗಳ ಕಾಲ ಕಾಣಲೇ ಇಲ್ಲ. ಸಿರಿಯಾಕ್ ಭಾಷೆಯವರು 'ಪರಕ್ಲೀಟ' ಎಂದು, ಇಥಿಯೋಪಿಯದವರು 'ಪೆರಾಕ್ಲೀಟೋಸ್' ಎಂದು ಮೂಲವನ್ನೇ ಇಟ್ಟುಕೊಂಡರು. ಇಥಿಯೋಪಿಯದ ಸಭೆಯಲ್ಲಿ ಈಸ್ಟರ್ ಆಗಿ ಐವತ್ತನೆಯ ದಿನ ಬರುವ ಹಬ್ಬದ ಹೆಸರೇ ಅದು, ನಮ್ಮ ಕನ್ನಡ ಬೈಬಲ್‌ನ 'ಪಂಚಾಶತ್ತಮ ದಿನದ ಹಬ್ಬ'.

ಇಂಗ್ಲೆಂಡಿನ ಅನುವಾದಕರು ಬೇರೆ ದಾರಿ ಹಿಡಿದರು. 14ನೇ ಶತಮಾನದ ವಿಕ್ಲಿಫ್ ಬೈಬಲ್‌ನಲ್ಲಿ ಬಂದ 'ಕಂಫರ್ಟರ್' 1526ರ ಟಿಂಡೇಲ್ ಅನುವಾದದಲ್ಲೂ 1611ರ ಕಿಂಗ್ ಜೇಮ್ಸ್ ಬೈಬಲ್‌ನಲ್ಲೂ ಉಳಿಯಿತು. ಇಂದಿನ ಇಂಗ್ಲಿಷಿನಲ್ಲಿ ಕಂಫರ್ಟ್ ಎಂದರೆ ಮೆತ್ತನೆಯ ಸೋಫಾ. ಅಂದು ಹಾಗಿರಲಿಲ್ಲ. ಲ್ಯಾಟಿನ್ನಿನ 'ಫೋರ್ತಿಸ್', ಬಲಶಾಲಿ, ಅದರೊಳಗಿದೆ. ಕೋಟೆಗೆ ಅವರು ಹೇಳುವ 'ಫೋರ್ಟ್'ನಲ್ಲಿ ಇರುವುದೂ ಅದೇ. 1066ರ ಹೇಸ್ಟಿಂಗ್ಸ್ ಕದನವನ್ನು ಕಸೂತಿಯಲ್ಲಿ ಹೇಳುವ ಬಾಯೂ ಚಿತ್ರಪಟದಲ್ಲಿ ಒಂದು ದೃಶ್ಯವಿದೆ. ಬಿಷಪ್ ಓಡೋ ಕುದುರೆಯ ಮೇಲೆ ಕುಳಿತು ದೊಣ್ಣೆ ಎತ್ತಿದ್ದಾನೆ, ಹಿಂಜರಿಯುತ್ತಿರುವ ಎಳೆಯ ಸೈನಿಕರನ್ನು ಮುಂದಕ್ಕೆ ಅಟ್ಟುತ್ತಿದ್ದಾನೆ. ಅವನು ಹುಡುಗರನ್ನು 'ಕಂಫರ್ಟ್' ಮಾಡುತ್ತಿದ್ದಾನೆ ಎನ್ನುವುದಕ್ಕೆ ಸರಿಹೊಂದುವ ಲ್ಯಾಟಿನ್ ಕ್ರಿಯಾಪದ ಮೇಲೆ ಹೊಲಿದಿದೆ. ಧೈರ್ಯ ತುಂಬುವುದು, ಬೆನ್ನಿಗೆ ಬಲ ಕೊಡುವುದು ಎಂಬ ಆ ಅರ್ಥ ಸವೆದು ಸವೆದು ಕೊನೆಗೆ ತಲೆದಿಂಬಿನ ಮೃದುತ್ವವಷ್ಟೇ ಉಳಿದದ್ದು ಪದದ ದುರದೃಷ್ಟ. ಆದ್ದರಿಂದಲೇ ಇತ್ತೀಚಿನ ಇಂಗ್ಲಿಷ್ ಬೈಬಲ್‌ಗಳು ಕಂಫರ್ಟರ್ ಬಿಟ್ಟು ಹೆಲ್ಪರ್, ಕೌನ್ಸೆಲರ್, ಅಡ್ವೊಕೇಟ್ ಎಂದು ಒಂದರಿಂದ ಇನ್ನೊಂದಕ್ಕೆ ಹಾರುತ್ತಿವೆ.

ಇಂಗ್ಲಿಷ್ ಕವಿ, ಜೆಸ್ವಿಟ್ ಪಾದ್ರಿ ಜೆರಾರ್ಡ್ ಮ್ಯಾನ್ಲಿ ಹಾಪ್ಕಿನ್ಸ್‌ಗೂ ಈ ಕಂಫರ್ಟರ್ ಸಾಲದೆನಿಸಿತ್ತು. 1880ರಲ್ಲಿ ಲಿವರ್‌ಪೂಲ್‌ನಲ್ಲಿ ಕೊಟ್ಟ ಪ್ರವಚನವೊಂದರಲ್ಲಿ ಆತ ಕ್ರಿಕೆಟ್ಟಿನ ಹೋಲಿಕೆ ತಂದ. ಚೆಂಡು ಹೊಡೆದ ಬ್ಯಾಟ್ಸ್‌ಮನ್ ರನ್ನಿಗೆ ಸಿದ್ಧ, ಆಚೆ ತುದಿಯವನಿಗೆ ಅನುಮಾನ. ಆಗ ಇವನು ಬಾ ಬಾ ಎಂದು ಕೂಗುತ್ತಾನಲ್ಲ, ಪರಾಕ್ಲೆಟೊಸ್ ಎಂದರೆ ಅದೇ ಎಂದ. ಕ್ರಿಕೆಟ್ ಉಸಿರಾಡುವ ನಮ್ಮ ನಾಡಿನ ಓದುಗರಿಗೆ ಇದಕ್ಕಿಂತ ತಟ್ಟನೆ ತಾಗುವ ವಿವರಣೆಯನ್ನು ನಾನು ಬೇರೆಲ್ಲೂ ಕಂಡಿಲ್ಲ. ಅನುವಾದಶಾಸ್ತ್ರದ ದೊಡ್ಡ ಹೆಸರಾದ ಯುಜೀನ್ ನೈಡಾ ಮಧ್ಯ ಆಫ್ರಿಕದ ಕಾರೆ ಭಾಷೆಯಿಂದ ಇನ್ನೊಂದು ಚಿತ್ರ ಕೊಟ್ಟಿದ್ದಾರೆ. ದೂರದ ಹಾದಿಯಲ್ಲಿ ಒಬ್ಬ ಬಸವಳಿದು ಬಿದ್ದರೆ ದಾರಿಹೋಕನೊಬ್ಬ ಅವನ ಮಗ್ಗುಲಿಗೆ ಬಾಗಿ, ಎತ್ತಿ, ಊರು ಮುಟ್ಟಿಸುತ್ತಾನೆ. ಅಂಥವನಿಗೆ ಅವರು ಹೇಳುವುದು ನಮ್ಮ ಪಕ್ಕಕ್ಕೆ ಬೀಳುವವನು ಎಂದು. ಅನುವಾದಕರು ಪರಾಕ್ಲೆಟೊಸ್‌ಗೆ ಅದನ್ನೇ ಆರಿಸಿಕೊಂಡರು.

ನಮ್ಮ ನೆರೆಹೊರೆಯ ಭಾಷೆಗಳು ಮಾಡಿಕೊಂಡ ಆಯ್ಕೆಗಳನ್ನು ಸಾಲಾಗಿ ಇಟ್ಟು ನೋಡುವುದು ನನಗೆ ಇಷ್ಟ. ತಮಿಳಿನ ಹಳೆಯ ಬೈಬಲ್‌ನಲ್ಲಿ 'ತೇಟ್ರರವಾಳನ್', ದುಃಖ ಶಮನ ಮಾಡುವವನು. ಕಥೋಲಿಕರ ತಮಿಳಿನಲ್ಲಿ 'ತುಣೈಯಾಳರ್', ಜೊತೆಗಾರ. ತೆಲುಗಿನಲ್ಲಿ 'ಆದರಣಕರ್ತ'. ಮಲಯಾಳದ 'ಸತ್ಯವೇದಪುಸ್ತಕ'ದಲ್ಲಿ 'ಕಾರ್ಯಸ್ಥನ್', ಮನೆತನದ ವ್ಯವಹಾರ ನೋಡಿಕೊಳ್ಳುವ ನಂಬಿಕೆಯ ಮನುಷ್ಯ. ಮರಾಠಿಯಲ್ಲಿ 'ಕೈವಾರಿ', ಪಕ್ಷ ವಹಿಸಿ ನಿಲ್ಲುವವನು. ಹಳಗನ್ನಡ ಓದಿದವರಿಗೆ ಕೈವಾರ ಎಂದರೆ ಹೊಗಳಿಕೆ, ಮರಾಠಿಯ ಅರ್ಥ ಬೇರೆ. ಒಂದು ಭಾಷೆ ಕಣ್ಣೀರನ್ನು ಕಂಡಿತು, ಒಂದು ಕಾಗದಪತ್ರವನ್ನು ಕಂಡಿತು, ಒಂದು ಜಗಳವನ್ನು ಕಂಡಿತು.

ಕನ್ನಡದಲ್ಲಿ ಮೂರು ಪದಗಳು ಓಡಾಡುತ್ತವೆ. ಬೈಬಲ್ ಸೊಸೈಟಿಯ ಹಳೆಯ 'ಸತ್ಯವೇದವು' ಹೇಳುವುದು 'ಸಹಾಯಕ'. ಇನ್ನೊಂದು ಅನುವಾದದಲ್ಲಿ 'ಆದರಿಕ'. ಕಥೋಲಿಕ ದೇವಾಲಯಗಳಲ್ಲಿ ಓದಿಸುವ ಅನುವಾದದಲ್ಲಿ 'ಪೋಷಕ'. ಸಹಾಯಕ ತಪ್ಪಲ್ಲ. ಆದರೆ ಪ್ರಥಮ ದರ್ಜೆ ಸಹಾಯಕ, ದ್ವಿತೀಯ ದರ್ಜೆ ಸಹಾಯಕ ಎಂಬ ಹುದ್ದೆಗಳ ನಾಡಿನಲ್ಲಿ ಆ ಪದದ ಮೇಲೆ ಕಚೇರಿಯ ಧೂಳು ಕೂತಿದೆ, ಕೈಕೆಳಗಿನವನು ಎಂಬ ಛಾಯೆ ಬಂದಿದೆ. 'ಆದರಿಕ' ಕೇಳುವುದಕ್ಕೆ ಚೆಂದ, ಮನೆಗೆ ಬಂದವರನ್ನು ಆದರಿಸಿದ ಬಿಸುಪಿದೆ ಅದರಲ್ಲಿ. ನ್ಯಾಯಸಭೆ ಮಾತ್ರ ಪೂರ್ತಿ ಮರೆಯಾಗಿದೆ. 'ಪೋಷಕ' ಮೂಲದ ಪದಕ್ಕೆ ದೂರದ್ದು, ಆದರೂ ಶಾಲೆಯ ಪೋಷಕರ ಸಭೆಗೆ ಹೋಗಿ ಬಂದ ಯಾರಿಗಾದರೂ ಅದರ ತೂಕ ಗೊತ್ತು. ಅನಾಥರಾಗಿ ಬಿಡುವುದಿಲ್ಲ ಎಂಬ ಮಾತಿಗೆ ಅದು ನೇರವಾಗಿ ಕೈಚಾಚುತ್ತದೆ. ನನ್ನನ್ನು ಕೇಳಿದರೆ ಕನ್ನಡದ 'ಒತ್ತಾಸೆ' ಎಂಬ ಪದದಲ್ಲಿ ಪರಾಕ್ಲೆಟೊಸ್‌ನ ಚಿತ್ರ ಹೆಚ್ಚು ನಿಚ್ಚಳವಾಗಿದೆ. ಒತ್ತಿನಲ್ಲಿ ನಿಂತು ಕೊಡುವ ಆಸರೆ ಅದು. ತಾಲ್ಲೂಕು ಕಚೇರಿಗೋ ಕೋರ್ಟಿಗೋ ಹೊರಟವನು ಓಣಿಯ ಹಿರಿಯರೊಬ್ಬರನ್ನು ಜೊತೆಗೆ ಬನ್ನಿ ಎಂದು ಕರೆಯುತ್ತಾನೆ. ಆ ಹಿರಿಯರಿಗೆ ಕಾನೂನು ಗೊತ್ತಿರಬೇಕಿಲ್ಲ. ಅವರು ಪಕ್ಕದಲ್ಲಿದ್ದರೆ ಇವನ ಗಂಟಲು ಬಿಚ್ಚಿಕೊಳ್ಳುತ್ತದೆ.

'ವಕೀಲ' ಎಂಬ ನಮ್ಮ ದಿನನಿತ್ಯದ ಪದದ್ದೂ ಇಂಥದೇ ಪಯಣ. ಅರಬ್ಬಿಯಲ್ಲಿ 'ವಕೀಲ್' ಎಂದರೆ ಹೊಣೆ ವಹಿಸಿಕೊಂಡ ನಂಬಿಗಸ್ತ. 'ಅಲ್ ವಕೀಲ್' ಎಂಬುದು ಇಸ್ಲಾಮಿನಲ್ಲಿ ದೇವರ 99 ಹೆಸರುಗಳಲ್ಲಿ ಒಂದು. ಕರಿಕೋಟು ತೊಟ್ಟವನ ಹೆಸರೂ ದೇವರ ಹೆಸರೂ ಒಂದೇ ಆಗಬಲ್ಲದೆಂದು ನಮ್ಮ ಭಾಷೆಗೆ ಆಗಲೇ ಗೊತ್ತಿತ್ತು.

ಪರಾಕ್ಲೆಟೊಸ್ ಬರುತ್ತಾನೆ ಎಂದು ಯೇಸು ಹೇಳಿಟ್ಟ ಮೇಲೆ ಕಾಯುವವರು ಇದ್ದೇ ಇರುತ್ತಾರೆ, ಬಂದೆ ಎನ್ನುವವರೂ ಇರುತ್ತಾರೆ. ಎರಡನೆಯ ಶತಮಾನದಲ್ಲಿ ಏಷ್ಯಾ ಮೈನರಿನ ಫ್ರಿಜಿಯದಲ್ಲಿ ಮೊಂಟಾನುಸ್, ಪ್ರಿಸ್ಕಿಲ್ಲ, ಮ್ಯಾಕ್ಸಿಮಿಲ್ಲ ಎಂಬ ಮೂವರ ಬಾಯಲ್ಲಿ ಪರಾಕ್ಲೆಟೊಸ್ ಮಾತಾಡುತ್ತಿದ್ದಾನೆಂದು ದೊಡ್ಡ ಚಳವಳಿಯೇ ಎದ್ದಿತು. ಕಾರ್ತೇಜಿನ ಮೇಧಾವಿ ತೆರ್ತುಲ್ಲಿಯನ್ ಅದರತ್ತ ವಾಲಿದ. ಮೂರನೆಯ ಶತಮಾನದ ಬಾಬಿಲೋನಿಯದಲ್ಲಿ, 216ರಲ್ಲಿ ಹುಟ್ಟಿದ ಮಾನಿ ತನ್ನಲ್ಲಿ ಆ ಮಾತು ನೆರವೇರಿತು ಎಂದ. ಅವನ ಧರ್ಮ ಮುಂದೆ ಚೀನಾದವರೆಗೂ ಹರಡಿತು. ಕುರ್‌ಆನ್‌ನ 61ನೇ ಅಧ್ಯಾಯದಲ್ಲಿ ತನ್ನ ನಂತರ ಅಹ್ಮದ್ ಎಂಬ ಸಂದೇಶವಾಹಕ ಬರುವನೆಂದು ಯೇಸು ತಿಳಿಸುವ ಪ್ರಸ್ತಾಪವಿದೆ. ಮುಸ್ಲಿಂ ವಿದ್ವಾಂಸರು ಯೋಹಾನನ ಮಾತನ್ನು ಅದಕ್ಕೆ ಜೋಡಿಸಿ ಓದಿದರು. 8ನೇ ಶತಮಾನದ ಇಬ್ನ್ ಇಸ್‌ಹಾಕ್ ಬರೆದ ಪ್ರವಾದಿ ಚರಿತ್ರೆಯಲ್ಲಿ ಯೋಹಾನನ 15ನೇ ಅಧ್ಯಾಯದ ಭಾಗ ಬರುತ್ತದೆ. ಅಲ್ಲಿ ಪರಾಕ್ಲೆಟೊಸ್‌ನ ಜಾಗದಲ್ಲಿರುವುದು 'ಮುನಹ್ಹೆಮಾನ', ಯೆಶಾಯನ 'ನಹಮ್' ಧಾತುವಿನ ಅರಮಾಯಿಕ್ ಕುಡಿ. ಅಹ್ಮದ್ ಎಂಬ ಹೆಸರಿಗೆ ಹೊಂದುವಂತೆ, ಮೂಲದಲ್ಲಿ 'ಕೀರ್ತಿವಂತ' ಎಂಬರ್ಥದ 'ಪೆರಿಕ್ಲೂಟೊಸ್' ಇತ್ತೆಂಬ ವಾದ ಆಮೇಲೆ ಹುಟ್ಟಿತು. ಸುಮಾರು ಕ್ರಿಸ್ತಶಕ 200ರ ಪಪೈರಸ್‌ನಿಂದ ಹಿಡಿದು ಉಳಿದುಬಂದ ಗ್ರೀಕ್ ಹಸ್ತಪ್ರತಿಗಳಲ್ಲಿ ಇರುವುದು ಪರಾಕ್ಲೆಟೊಸ್ ಎಂದೇ. ಓದಿನ ಬಗೆ ನಂಬಿಕೆಗೆ ತಕ್ಕಂತೆ ಬೇರೆಯಾಗುತ್ತದೆ, ಅದು ಎಲ್ಲ ಧರ್ಮಗ್ರಂಥಗಳಿಗೂ ಸಹಜ.

ಈ ಪದದ ಸುತ್ತ ನಾನು ಓದಿದ ಕಥೆಗಳಲ್ಲಿ ಮನಸ್ಸಿನಿಂದ ಹೋಗದೆ ಉಳಿದದ್ದು ಹನ್ನೆರಡನೆಯ ಶತಮಾನದ ಫ್ರಾನ್ಸಿನದು. ಪೀಟರ್ ಅಬೆಲಾರ್ಡ್ ಪ್ಯಾರಿಸ್ಸಿನಲ್ಲಿ ಮೆರೆದಾಡಿದ ತತ್ವಜ್ಞಾನಿ. ಶಿಷ್ಯೆ ಎಲೊಯೀಸಳ ಜೊತೆಗಿನ ಪ್ರೇಮ, ಗುಟ್ಟಿನ ಮದುವೆ, ಅವಳ ಚಿಕ್ಕಪ್ಪನ ಕಡೆಯವರು ರಾತ್ರಿ ನುಗ್ಗಿ ಅವನ ಪುರುಷತ್ವ ಕತ್ತರಿಸಿದ್ದು, ಇಬ್ಬರೂ ಬೇರೆ ಬೇರೆ ಮಠ ಸೇರಿದ್ದು ಎಲ್ಲರೂ ಬಲ್ಲ ದುರಂತ. ಅದಾದ ಮೇಲೆ 1121ರಲ್ಲಿ ಸ್ವಾಸ್ಸೋನ್ ಧರ್ಮಸಭೆ ಅವನ ಪುಸ್ತಕವನ್ನು ಅವನ ಕೈಯಿಂದಲೇ ಬೆಂಕಿಗೆ ಹಾಕಿಸಿತು. ಎಲ್ಲೂ ನೆಲೆಯಿಲ್ಲದವನಾಗಿ ಅವನು ಷಾಂಪೇನ್ ಸೀಮೆಯ ನೊಜಾಂ ಊರಿನ ಹತ್ತಿರ, ಯಾರೂ ಇಲ್ಲದ ಕಡೆ, ಜೊಂಡು ಹುಲ್ಲಿನಿಂದ ಒಂದು ಪ್ರಾರ್ಥನಾಗೃಹ ಕಟ್ಟಿಕೊಂಡ. ಸುದ್ದಿ ತಿಳಿದ ವಿದ್ಯಾರ್ಥಿಗಳು ಊರು ಬಿಟ್ಟು ಅಲ್ಲಿಗೇ ಬಂದರು, ಗುಡಿಸಲು ಹಾಕಿಕೊಂಡು ಪಾಠ ಕೇಳಿದರು, ಗುರುವಿಗಾಗಿ ಕಲ್ಲು ಮರ ಹೊತ್ತು ಕಟ್ಟಡವನ್ನು ದೊಡ್ಡದು ಮಾಡಿದರು. ಮೊದಲು ತ್ರಿತ್ವದ ಹೆಸರಲ್ಲಿದ್ದ ಅದಕ್ಕೆ ಅಬೆಲಾರ್ಡ್ 'ಪರಾಕ್ಲೀತ್' ಎಂದು ಹೆಸರಿಟ್ಟ, ದಿಕ್ಕುಗೆಟ್ಟು ಬಂದ ತನಗೆ ಅಲ್ಲಿ ಉಸಿರು ಮರಳಿತೆಂಬ ಕಾರಣಕ್ಕೆ.

ವೈರಿಗಳು ಅದಕ್ಕೂ ತಗಾದೆ ತೆಗೆದರು. ಪವಿತ್ರಾತ್ಮ ಒಬ್ಬರಿಗೇ ದೇವಾಲಯ ಮೀಸಲಿಡುವ ಪದ್ಧತಿ ಎಲ್ಲಿದೆ ಎಂದು ಕೇಳಿದರು. ಅಬೆಲಾರ್ಡ್ ತನ್ನ ಆತ್ಮಕಥೆಯಲ್ಲಿ ಇದಕ್ಕೆ ಉದ್ದದ ಉತ್ತರ ಬರೆದಿದ್ದಾನೆ. ಕೆಲವು ವರ್ಷಗಳ ಮೇಲೆ, 1129ರಲ್ಲಿ, ಎಲೊಯೀಸ್ ಮತ್ತವಳ ಜೊತೆಯ ಸನ್ಯಾಸಿನಿಯರನ್ನು ಅರ್ಜಾಂತೈ ಮಠದಿಂದ ಹೊರಹಾಕಿದಾಗ ಅವನು ಅವರನ್ನು ಕರೆದು ಈ ಜಾಗವನ್ನೇ ಬಿಟ್ಟುಕೊಟ್ಟ. ಎಲೊಯೀಸ್ ಅದರ ಮಠಾಧಿಪತಿಯಾಗಿ ಕೊನೆಯವರೆಗೂ ಅಲ್ಲೇ ಇದ್ದಳು. 1142ರಲ್ಲಿ ತೀರಿಕೊಂಡ ಅಬೆಲಾರ್ಡ್‌ನ ದೇಹವೂ ಅಲ್ಲಿಗೇ ಬಂತು, ಇಪ್ಪತ್ತೊಂದೆರಡು ವರ್ಷಗಳ ನಂತರ ಅವಳದೂ. ಇಂದು ಇಬ್ಬರ ಸಮಾಧಿ ಪ್ಯಾರಿಸ್ಸಿನ ಪೇರ್ ಲಾಷೇಸ್ ಸ್ಮಶಾನದಲ್ಲಿದೆ, 1817ರಿಂದ. ಬದುಕಿನಲ್ಲಿ ಪಕ್ಕಪಕ್ಕ ಇರಲಾರದೆ ಹೋದ ಇಬ್ಬರಿಗೆ ಪಕ್ಕ ಸಿಕ್ಕಿದ್ದು ಆ ಹೆಸರಿನ ಮನೆಯಲ್ಲಿ.

ಅಥೆನ್ಸ್ ಈಗಲೂ ಆ ಮಾತನ್ನು ಬಿಟ್ಟಿಲ್ಲ. ಅಲ್ಲಿನ ಕಾಫಿ ಅಂಗಡಿಯಲ್ಲಿ ದಯವಿಟ್ಟು ಎನ್ನಬೇಕಾದರೂ, ಧನ್ಯವಾದಕ್ಕೆ ಇರಲಿ ಬಿಡಿ ಎನ್ನಬೇಕಾದರೂ 'ಪರಾಕಲೋ' ಎನ್ನುತ್ತಾರೆ. ನಿಮ್ಮನ್ನು ಪಕ್ಕಕ್ಕೆ ಕರೆಯುತ್ತಿದ್ದೇನೆ ಎಂಬುದೇ ಅದರ ಮೂಲ. ಆಗಸ್ಟ್ ತಿಂಗಳ ಮೊದಲ ಎರಡು ವಾರ ಗ್ರೀಕ್ ಸಭೆಗಳಲ್ಲಿ ಸಂಜೆ ಹೊತ್ತು ಹಾಡುವ ಮೊರೆಯ ಪ್ರಾರ್ಥನೆಗೂ 'ಪರಾಕ್ಲೇಸಿಸ್' ಎಂದೇ ಹೆಸರು.

ಪಕ್ಕಕ್ಕೆ ಬಂದವರೆಲ್ಲ ಪರಾಕ್ಲೆಟೊಸ್ ಆಗುವುದಿಲ್ಲ ಎನ್ನುವುದನ್ನೂ ಬೈಬಲ್ ಬಲ್ಲದು. ಮಕ್ಕಳು, ಆಸ್ತಿ, ಆರೋಗ್ಯ ಎಲ್ಲ ಕಳೆದುಕೊಂಡು ಬೂದಿಯಲ್ಲಿ ಕುಳಿತ ಯೋಬನ ಬಳಿಗೆ ಮೂವರು ಗೆಳೆಯರು ಬರುತ್ತಾರೆ. ಮೊದಲ ಏಳು ಹಗಲು ಏಳು ರಾತ್ರಿ ಅವರು ಬಾಯಿ ಬಿಡುವುದಿಲ್ಲ, ಅವನ ಜೊತೆ ನೆಲದ ಮೇಲೆ ಕುಳಿತಿರುತ್ತಾರೆ ಅಷ್ಟೇ. ಆಮೇಲೆ ಮಾತಿಗೆ ಶುರುವಿಡುತ್ತಾರೆ. ನೀನೇನೋ ತಪ್ಪು ಮಾಡಿರಬೇಕು, ಇಲ್ಲದಿದ್ದರೆ ಹೀಗಾಗುತ್ತಿತ್ತೇ ಎಂಬ ಧಾಟಿಯ ಉಪದೇಶ. ಕೇಳಿ ಕೇಳಿ ಬೇಸತ್ತ ಯೋಬ 16ನೇ ಅಧ್ಯಾಯದಲ್ಲಿ ಅವರನ್ನು ಸಂಕಟ ಹೆಚ್ಚಿಸುವ ಸಾಂತ್ವನಕಾರರು ಎಂದು ಜರೆಯುತ್ತಾನೆ. ಎರಡನೆಯ ಶತಮಾನದಲ್ಲಿ ಹೀಬ್ರೂವನ್ನು ಅಕ್ಷರಕ್ಕೆ ಅಕ್ಷರ ಗ್ರೀಕಿಗೆ ತಂದ ಅಕ್ವಿಲ ಅಲ್ಲಿ ಇಟ್ಟ ಪದ ಪರಾಕ್ಲೆಟೊಸ್‌ನ ಬಹುವಚನ. ಏಳು ದಿನ ಆ ಹೆಸರಿಗೆ ತಕ್ಕವರಾಗಿದ್ದು ಎಂಟನೆಯ ದಿನ ಅದನ್ನು ಕಳೆದುಕೊಂಡವರು ಅವರು.

ಸಾವಾದ ಮನೆಗೆ ಹೋಗುವುದಕ್ಕೆ ನಮ್ಮಲ್ಲಿ 'ಮಾತಾಡಿಸಿಕೊಂಡು ಬರುವುದು' ಎನ್ನುತ್ತಾರೆ. ಹೋದವರು ಆಡುವ ಮಾತೇನೂ ಹೆಚ್ಚಿರುವುದಿಲ್ಲ. ಚಾಪೆಯ ಮೇಲೆ ಕುಳಿತು, ಯಾವಾಗ ಆಯ್ತು ಎಂದು ಕೇಳಿ, ಮನೆಯವರು ಅದನ್ನೇ ಹತ್ತನೆಯ ಸಲ ಹೇಳುವಾಗ ಮೊದಲ ಸಲ ಕೇಳುವಂತೆ ಕೇಳಿಸಿಕೊಳ್ಳುತ್ತಾರೆ. ಮಾತಾಡುವುದಕ್ಕಲ್ಲ, ಮಾತಾಡಿಸುವುದಕ್ಕೆ ಹೋಗುವುದು. ಯೆಹೂದಿಗಳಲ್ಲಿ ಇದು ನಿಯಮವೇ ಆಗಿದೆ. ಸೂತಕದ ಏಳು ದಿನ ದುಃಖಿತ ತಗ್ಗಿನ ಆಸನದಲ್ಲಿ ಕುಳಿತಿರುತ್ತಾನೆ, ನೋಡಲು ಬಂದವರು ಅವನಾಗಿ ಬಾಯಿ ತೆರೆಯುವವರೆಗೆ ತಾವು ತೆರೆಯಬಾರದು ಎಂದು ತಾಲ್ಮುದ್ ಹೇಳುತ್ತದೆ. ಅದಕ್ಕೆ ಆಧಾರವಾಗಿ ತೋರಿಸುವುದು ಯೋಬನ ಗೆಳೆಯರ ಆ ಮೌನವನ್ನೇ. ಎದ್ದು ಹೊರಡುವಾಗ ಮಾತ್ರ, ಪೂರ್ವ ಯುರೋಪಿನಿಂದ ಬಂದ ಯೆಹೂದಿಗಳ ರೂಢಿಯಲ್ಲಿ, ದೇವರು ನಿಮ್ಮನ್ನು ಸಂತೈಸಲಿ ಎಂಬರ್ಥದ ಒಂದು ಹರಕೆ. ಅದರ ಕ್ರಿಯಾಪದ ಯೆಶಾಯನ ಅದೇ 'ನಹಮ್'. ಅಲ್ಲಿ ದೇವರನ್ನು ಕರೆಯುವ ಹೆಸರು 'ಹಮಾಕೋಮ್'. ಹಾಗೆಂದರೆ ಜಾಗ.